ಬೆಂಕಿ ಬಿದ್ದ ಕಾಡು, ತುಂಡಾದ ಕಾಡು

ಒಂದು ಹಕ್ಕಿಯ ಕತೆಯಿಂದ ಶುರು ಮಾಡುತ್ತೇನೆ. ಈ ಹಕ್ಕಿ ಈಗ ಎಲ್ಲೂ ಇಲ್ಲ. ಹೆಸರು ಹೀತ್ ಹೆನ್. ನೋಡಲು ಕೋಳಿಯ ಹಾಗೇ, ಮೈತುಂಬ ಕಂದು ಪಟ್ಟೆ. ಅಮೆರಿಕದ ಪೂರ್ವ ಕರಾವಳಿಯ ಕುರುಚಲು ಬಯಲುಗಳಲ್ಲಿ ಒಂದು ಕಾಲಕ್ಕೆ ಬೇಕಾದಷ್ಟಿತ್ತು. ಜನ ಬೇಟೆಯಾಡಿದರು, ಬಯಲನ್ನು ಹೊಲ ಮಾಡಿದರು, ಊರು ಕಟ್ಟಿದರು. 1870ರ ಹೊತ್ತಿಗೆ ಅದು ಉಳಿದಿದ್ದು ಒಂದೇ ಕಡೆ, ಮಾರ್ಥಾಸ್ ವಿನ್‌ಯಾರ್ಡ್ ಅನ್ನುವ ದ್ವೀಪದಲ್ಲಿ.

1908ರಲ್ಲಿ ಅಲ್ಲಿ ಈ ಹಕ್ಕಿಗಾಗಿಯೇ ಒಂದು ರಕ್ಷಿತ ಪ್ರದೇಶ ಮಾಡಿದರು. ಆಗ ಉಳಿದಿದ್ದವು ನೂರಕ್ಕೂ ಕಡಿಮೆ. ಕಾವಲು ಚೆನ್ನಾಗಿತ್ತು. ಏಳೆಂಟು ವರ್ಷದಲ್ಲಿ ಸಂಖ್ಯೆ ಹೆಚ್ಚುಕಡಿಮೆ 2,000ಕ್ಕೆ ಏರಿತು. ಸದ್ಯ, ಬದುಕಿಕೊಂಡಿತು ಅಂದುಕೊಂಡರು ಎಲ್ಲರೂ. 1916ರ ಮೇ ತಿಂಗಳಲ್ಲಿ ಬಯಲಿಗೆ ಬೆಂಕಿ ಬಿತ್ತು. ಅದು ಮರಿ ಮಾಡುವ ಕಾಲ. ಕಾವಿಗೆ ಕೂತ ಹೇಂಟೆಗಳು ಗೂಡು ಬಿಟ್ಟು ಏಳಲಿಲ್ಲ. ಹಾರಿ ತಪ್ಪಿಸಿಕೊಂಡವುಗಳಲ್ಲಿ ಹುಂಜಗಳೇ ಜಾಸ್ತಿ. ಬೆನ್ನಿಗೇ ಕಡು ಚಳಿಗಾಲ ಬಂತು. ಹಕ್ಕಿ ಹಿಡಿದು ತಿನ್ನುವ ಗಿಡುಗಗಳು ದಂಡು ಕಟ್ಟಿಕೊಂಡು ಬಂದವು. ಆಮೇಲೆ ಸಾಕುಹಕ್ಕಿಗಳಿಂದ ರೋಗ ತಗುಲಿತು. 1928ರ ಕೊನೆಗೆ ಉಳಿದಿದ್ದು ಒಂದು ಹುಂಜ.

ಈ ಜಾತಿಯಲ್ಲಿ ಒಂದು ಪದ್ಧತಿ ಇತ್ತು. ವಸಂತ ಬಂದರೆ ಹುಂಜಗಳೆಲ್ಲ ಒಂದು ಬಯಲಿನಲ್ಲಿ ಸೇರಿ, ಕತ್ತಿನ ಚೀಲ ಉಬ್ಬಿಸಿ, ಕೂಗು ಹಾಕಿ ಕುಣಿಯುತ್ತಿದ್ದವು. ಹೇಂಟೆಗಳು ನೋಡಲು ಬರುತ್ತಿದ್ದವು. ಈ ಕೊನೆಯ ಹುಂಜವೂ ಆ ಬಯಲಿಗೆ ಬರುತ್ತಿತ್ತು. ಎದುರಿಗೆ ಯಾರೂ ಇಲ್ಲ, ಪಕ್ಕದಲ್ಲೂ ಯಾರೂ ಇಲ್ಲ. ಅದನ್ನು ಕೊನೆಯ ಸಲ ಕಂಡದ್ದು 1932ರ ಮಾರ್ಚ್ 11ರಂದು.

ಈಗ ನಿಮ್ಮನ್ನೇ ಕೇಳುತ್ತೇನೆ. ಈ ಹಕ್ಕಿಯನ್ನು ಕೊಂದದ್ದು ಯಾವುದು? ಬೆಂಕಿಯಾ? ಚಳಿಯಾ? ಗಿಡುಗವಾ? ಸ್ವಲ್ಪ ಯೋಚಿಸಿ. ಆ ಬಯಲಿಗೆ ಬೆಂಕಿ ಹೊಸದಲ್ಲ. ಆಗಾಗ ಬೆಂಕಿ ಬೀಳದೇ ಇದ್ದಿದ್ದರೆ ಆ ಕುರುಚಲು ಬಯಲೇ ಇರುತ್ತಿರಲಿಲ್ಲ, ಮರ ಬೆಳೆದು ಮುಚ್ಚಿಹೋಗುತ್ತಿತ್ತು. ಚಳಿ, ಗಿಡುಗ ಇವೆರಡನ್ನೂ ಈ ಹಕ್ಕಿ ಸಾವಿರಾರು ವರ್ಷ ಕಂಡಿತ್ತು. ಆದರೆ ಆಗೆಲ್ಲ ಇಲ್ಲಿ ಸುಟ್ಟರೆ ಪಕ್ಕದ ಬಯಲಿನಿಂದ ಹಕ್ಕಿ ಬರುತ್ತಿತ್ತು. ಈ ವರ್ಷ ಇಲ್ಲಿ ಸತ್ತರೆ ಮುಂದಿನ ವರ್ಷ ಅಲ್ಲಿಂದ ತುಂಬಿಕೊಳ್ಳುತ್ತಿತ್ತು. 1916ರಲ್ಲಿ ಆ ಪಕ್ಕದ ಬಯಲು ಇರಲಿಲ್ಲ. ನನ್ನ ಮಾತೆಲ್ಲ ಇಷ್ಟೇ. ಬೆಂಕಿ, ಬಿರುಗಾಳಿ, ನೆರೆ, ರೋಗ ಇವುಗಳ ಜೊತೆ ಬಾಳಲು ಕಾಡಿಗೆ ಗೊತ್ತು. ನಾವು ಕಾಡನ್ನು ತುಂಡು ಮಾಡಿದಾಗ, ಬಿದ್ದ ಮೇಲೆ ಏಳುವ ಶಕ್ತಿಯನ್ನು ಅದರಿಂದ ಕಿತ್ತುಕೊಳ್ಳುತ್ತೇವೆ.

ಮೊದಲು ಬೀಳುವ, ಏಳುವ ವಿಷಯ ನೋಡೋಣ. 1988ರ ಬೇಸಿಗೆಯಲ್ಲಿ ಅಮೆರಿಕದ ಯೆಲ್ಲೋಸ್ಟೋನ್ ರಾಷ್ಟ್ರೀಯ ಉದ್ಯಾನ ತಿಂಗಳುಗಟ್ಟಲೆ ಉರಿಯಿತು. ಸುಮಾರು 9,000 ಚದರ ಕಿಲೋಮೀಟರಿನ ಕಾಡು ಅದು. ಅದರಲ್ಲಿ ಮೂರನೇ ಒಂದು ಭಾಗಕ್ಕಿಂತ ಜಾಸ್ತಿ ಜಾಗಕ್ಕೆ ಬೆಂಕಿ ತಾಗಿತು. ಸಾವಿರಾರು ಜನ ಆರಿಸಲು ಹೆಣಗಿದರು. ಕೊನೆಗೆ ಅದನ್ನು ತಣ್ಣಗೆ ಮಾಡಿದ್ದು ಸೆಪ್ಟೆಂಬರಿನಲ್ಲಿ ಬಿದ್ದ ಮಳೆ, ಹಿಮ. ಈ ಕಾಡು ಮುಗಿಯಿತು ಅಂತಲೇ ಆಗ ತುಂಬ ಜನ ನಂಬಿದ್ದರು.

ಅಲ್ಲಿ ಜಾಸ್ತಿ ಇರುವ ಮರ ಲಾಡ್ಜ್‌ಪೋಲ್ ಪೈನ್. ಇದರ ಕಾಯಿಯನ್ನು ಒಮ್ಮೆ ಕೈಯಲ್ಲಿ ಹಿಡಿದು ನೋಡಬೇಕು. ಮುಷ್ಟಿಯೊಳಗೆ ಹಿಡಿಯುವಷ್ಟು ಚಿಕ್ಕದು. ಒಂದರ ಮೇಲೊಂದು ಹೆಂಚು ಜೋಡಿಸಿದ ಹಾಗೆ ಬಿರುಸು ಸಿಪ್ಪೆಗಳು. ಹಲವು ಮರಗಳಲ್ಲಿ ಈ ಸಿಪ್ಪೆಗಳನ್ನು ಅಂಟು ಸೇರಿಸಿ ಬೆಸೆದುಬಿಟ್ಟಿರುತ್ತದೆ. ಉಗುರು ಹಾಕಿದರೂ ಬಿಚ್ಚುವುದಿಲ್ಲ. ಹೀಗೆ ಮುಚ್ಚಿಕೊಂಡೇ ಕಾಯಿ ವರ್ಷಗಟ್ಟಲೆ ಕೊಂಬೆಯಲ್ಲಿ ಕೂತಿರುತ್ತದೆ. ಬೆಂಕಿ ಬಂದಾಗ ಕಾವಿಗೆ ಅಂಟು ಕರಗುತ್ತದೆ, ಸಿಪ್ಪೆ ಬಾಯಿಬಿಡುತ್ತದೆ, ಬೀಜ ಬೂದಿಯ ಮೇಲೆ ಉದುರುತ್ತದೆ. ತಾಯಿಮರ ಸತ್ತಿದೆ, ನೆರಳು ಹೋಗಿದೆ, ಕೆಳಗೆ ಪೈಪೋಟಿಗೆ ಯಾರೂ ಇಲ್ಲ. ಸಸಿಗೆ ಇದಕ್ಕಿಂತ ಒಳ್ಳೆ ಹೊತ್ತು ಯಾವುದಿದೆ? 1989ರಲ್ಲೇ ಕಪ್ಪು ಬೊಡ್ಡೆಗಳ ಕೆಳಗೆ ಸಸಿಗಳು ಎದ್ದಿದ್ದವು. ಯಾರೂ ಬಿತ್ತಲಿಲ್ಲ, ನೆಡಲಿಲ್ಲ.

ಸುಟ್ಟ ಕಾಡಿಗೇ ಹುಡುಕಿಕೊಂಡು ಬರುವ ಜೀವಿಗಳೂ ಇವೆ. ಸತ್ತ ಮರದ ತೊಗಟೆಯೊಳಗೆ ಜೀರುಂಡೆಗಳು ಮೊಟ್ಟೆ ಇಡುತ್ತವೆ. ಆ ಹುಳುಗಳನ್ನು ತಿನ್ನಲು ಕಪ್ಪುಬೆನ್ನಿನ ಮರಕುಟಿಗ ಬರುತ್ತದೆ. ಸುಟ್ಟ ಕಾಂಡಕ್ಕೆ ಅಂಟಿಕೊಂಡು ಕೂತರೆ ಅದರ ಬೆನ್ನು ಇದ್ದಿಲಿನ ಬಣ್ಣದಲ್ಲಿ ಸೇರಿಹೋಗುತ್ತದೆ. ಆ ಬೆನ್ನನ್ನು ನೋಡಿದರೇ ಗೊತ್ತಾಗುತ್ತದೆ, ಬೆಂಕಿ ಈ ಕಾಡಿಗೆ ಹೊರಗಿನ ಅತಿಥಿ ಅಲ್ಲ ಅಂತ.

ಇನ್ನೊಂದು ಉದಾಹರಣೆ ನನಗೆ ಬಹಳ ಇಷ್ಟ. ಮಿಷಿಗನ್ ರಾಜ್ಯದ ಕರ್ಟ್‌ಲ್ಯಾಂಡ್ ವಾರ್ಬ್ಲರ್ ಅನ್ನುವ ಪುಟ್ಟ ಹಕ್ಕಿ. ಇದು ಗೂಡು ಕಟ್ಟುವುದು ನೆಲದ ಮೇಲೆ, ಎಳೆಯ ಜ್ಯಾಕ್ ಪೈನ್ ಮರದ ತಗ್ಗು ಕೊಂಬೆಗಳ ಮರೆಯಲ್ಲಿ. ಮರಕ್ಕೆ ಐದರಿಂದ ಇಪ್ಪತ್ತು ವರ್ಷ ವಯಸ್ಸಾಗಿರಬೇಕು. ಅದಕ್ಕಿಂತ ಎತ್ತರ ಬೆಳೆದರೆ ಕೆಳಗಿನ ಕೊಂಬೆಗಳು ಒಣಗಿಹೋಗುತ್ತವೆ, ಮರೆ ಇರುವುದಿಲ್ಲ, ಹಕ್ಕಿ ಜಾಗ ಖಾಲಿ ಮಾಡುತ್ತದೆ. ಜನ ಕಾಳಜಿಯಿಂದಲೇ ಕಾಡ್ಗಿಚ್ಚನ್ನೆಲ್ಲ ಆರಿಸುತ್ತಾ ಬಂದರು. ಎಳೆಯ ಮರಗಳೇ ಇಲ್ಲದ ಹಾಗಾಯಿತು. ಸಾಲದ್ದಕ್ಕೆ ಬೇರೆ ಹಕ್ಕಿಗಳ ಗೂಡಿನಲ್ಲಿ ಮೊಟ್ಟೆ ಇಡುವ ಕೌಬರ್ಡ್‌ಗಳ ಕಾಟ. 1974ರ ಎಣಿಕೆಯಲ್ಲಿ ಹಾಡುವ ಗಂಡುಗಳು ಸಿಕ್ಕಿದ್ದು 167. ಆಮೇಲೆ ಬೆಂಕಿ ಮಾಡಬೇಕಿದ್ದ ಕೆಲಸವನ್ನು ಮನುಷ್ಯರೇ ಕೈಗೆತ್ತಿಕೊಂಡರು. ಸರದಿಯ ಮೇಲೆ ಹಳೆ ಮರ ಕಡಿದು ಹೊಸದು ನೆಟ್ಟರು. ಕೌಬರ್ಡ್‌ಗಳನ್ನೂ ಹತೋಟಿಗೆ ತಂದರು. 2019ರಲ್ಲಿ ಈ ಹಕ್ಕಿ ಅಪಾಯದ ಪಟ್ಟಿಯಿಂದ ಹೊರಬಂತು.

ಜ್ವಾಲಾಮುಖಿ? ಅದೂ ಅಷ್ಟೇ. 1980ರ ಮೇ 18ರಂದು ಅಮೆರಿಕದ ಸೇಂಟ್ ಹೆಲೆನ್ಸ್ ಪರ್ವತ ಸಿಡಿಯಿತು. 57 ಜನ ಸತ್ತರು. ಸುಮಾರು 600 ಚದರ ಕಿಲೋಮೀಟರಿನಷ್ಟು ಕಾಡು ನೆಲಕ್ಕೆ ಮಲಗಿತು. ಅಲ್ಲಿ ಜೀವ ಉಳಿದಿರಲು ಸಾಧ್ಯವೇ ಇಲ್ಲ ಅನಿಸುತ್ತದೆ. ಆದರೆ ಮಲೆಯ ಮೇಲೆ ಇನ್ನೂ ಹಿಮ ಇತ್ತು, ಅದರಡಿ ಹೂತಿದ್ದ ಸಸಿಗಳು ಬದುಕಿದವು. ನೆಲದೊಳಗೆ ಬಿಲದಲ್ಲಿದ್ದ ಗೋಫರ್ ಅನ್ನುವ ಇಲಿಯಂಥ ಪ್ರಾಣಿಗಳು ಹಲವು ಕಡೆ ಬದುಕಿದವು. ಅವು ಬಿಲ ತೋಡಿ ಕೆಳಗಿನ ಹಳೆ ಮಣ್ಣನ್ನು ಬೂದಿಯ ಮೇಲಕ್ಕೆ ತಂದು ಹಾಕಿದವು. ಆ ಮಣ್ಣಿನ ಗುಪ್ಪೆಗಳ ಮೇಲೆ ಬೀಜ ಮೊಳೆಯಿತು. ಏನೂ ಉಳಿಯದ, ಪ್ಯೂಮಿಸ್ ಅನ್ನುವ ಜ್ವಾಲಾಮುಖಿ ಕಲ್ಲು ಹರಡಿದ ಬಯಲಿನಲ್ಲಿ ಮೊದಲು ಬೇರೂರಿದ್ದು ಲುಪಿನ್ ಗಿಡ. ಅವರೆ ಜಾತಿಗೆ ಸೇರಿದ್ದು. ಬೇರಿನ ಗಂಟುಗಳಲ್ಲಿ ಗಾಳಿಯ ಸಾರಜನಕ ಹಿಡಿದುಕೊಳ್ಳುತ್ತದೆ. ಅದು ಸತ್ತು ಕೊಳೆತ ಜಾಗದಲ್ಲಿ ಬೇರೆ ಗಿಡಗಳು ಬಂದವು.

ಹೀಗೆ ಅಳಿದುಳಿದದ್ದನ್ನು ಪರಿಸರ ವಿಜ್ಞಾನಿಗಳು ಕಾಡು ಬಿಟ್ಟುಹೋದ ಆಸ್ತಿ ಅನ್ನುವ ಅರ್ಥದಲ್ಲಿ ಕರೆಯುತ್ತಾರೆ. ಬಿದ್ದ ಬೊಡ್ಡೆ, ಮಣ್ಣಿನಲ್ಲಿರುವ ಬೀಜ, ಬಿಲದಲ್ಲಿ ಉಳಿದ ಪ್ರಾಣಿ. ಒಳಗೆ ಆ ಆಸ್ತಿ ಇರಬೇಕು, ಸುತ್ತ ಬೀಜ ಕಳಿಸುವ, ಹಕ್ಕಿ ಕಳಿಸುವ ಕಾಡೂ ಇರಬೇಕು. ಇವೆರಡಿದ್ದರೆ ಕಾಡು ಎದ್ದೇಳುತ್ತದೆ.

ಇದರಿಂದ ಒಂದು ಲೆಕ್ಕ ಹುಟ್ಟುತ್ತದೆ. 1978ರಲ್ಲಿ ಪಿಕೆಟ್ ಮತ್ತು ಥಾಂಪ್ಸನ್ ಅನ್ನುವ ಇಬ್ಬರು ವಿಜ್ಞಾನಿಗಳು ಇದನ್ನು ಹೇಳಿದರು. ರಕ್ಷಿತ ಪ್ರದೇಶ ಎಷ್ಟು ದೊಡ್ಡದಿರಬೇಕು? ಅಲ್ಲಿ ಬರಬಹುದಾದ ಅತಿ ದೊಡ್ಡ ಬೆಂಕಿಗಿಂತ, ಬಿರುಗಾಳಿಗಿಂತ ದೊಡ್ಡದಿರಬೇಕು. ಒಂದು ಕಡೆ ಸುಟ್ಟಿರಬೇಕು, ಒಂದು ಕಡೆ ಎಳೆಯದಿರಬೇಕು, ಒಂದು ಕಡೆ ಹಳೆಯದಿರಬೇಕು. ಯೆಲ್ಲೋಸ್ಟೋನ್ ಆ ಬೆಂಕಿಯನ್ನು ತಾಳಿಕೊಂಡದ್ದು ಅದು ಅಷ್ಟು ದೊಡ್ಡದಿದ್ದುದರಿಂದ. ಅದೇ ಬೆಂಕಿ ಹತ್ತು ಚದರ ಕಿಲೋಮೀಟರಿನ ಒಂಟಿ ಕಾಡಿಗೆ ಬಿದ್ದಿದ್ದರೆ ಅಲ್ಲಿ ಉಳಿಯಲು ಏನಿರುತ್ತಿತ್ತು?

ಈಗ ತುಂಡಾಗುವ ವಿಷಯಕ್ಕೆ ಬರೋಣ. ಪುಸ್ತಕದಲ್ಲಿ ಇದನ್ನು ಆವಾಸಸ್ಥಾನದ ಛಿದ್ರೀಕರಣ ಅನ್ನುತ್ತಾರೆ. ನಾನು ಕಾಡು ತುಂಡಾಗುವುದು ಅಂತಲೇ ಹೇಳುತ್ತೇನೆ. ಹುಲ್ಲುಗಾವಲಿಗೆ, ಜೌಗಿಗೆ, ಹೊಳೆಗೂ ಇದೇ ಮಾತು. ಹೊಳೆಗೆ ಅಣೆಕಟ್ಟು ಕಟ್ಟಿದರೆ ಮೀನಿನ ಪಾಲಿಗೆ ಅದೂ ತುಂಡಾದ ಹಾಗೆಯೇ.

ಪೆನ್ನು, ಹಾಳೆ ಇದ್ದರೆ ತೆಗೆದುಕೊಳ್ಳಿ. ಒಂದು ಚೌಕ ಬರೆಯಿರಿ. ಒಂದು ಕಿಲೋಮೀಟರ್ ಉದ್ದ, ಒಂದು ಕಿಲೋಮೀಟರ್ ಅಗಲದ ಕಾಡು. ಅಂದರೆ 100 ಹೆಕ್ಟೇರ್. ಹೊರಗಿನ ಬಿಸಿಲು, ಗಾಳಿ ಅಂಚಿನಿಂದ 100 ಮೀಟರ್ ಒಳಗೆ ತನಕ ನುಗ್ಗುತ್ತದೆ ಅಂತ ಇಟ್ಟುಕೊಳ್ಳಿ. ಸುತ್ತ 100 ಮೀಟರ್ ಬಿಟ್ಟರೆ ನಡುಗಾಡು 800 ಮೀಟರಿನ ಚೌಕ. 64 ಹೆಕ್ಟೇರ್. ಈಗ ನಟ್ಟನಡುವೆ 20 ಮೀಟರ್ ಅಗಲದ ಒಂದು ರಸ್ತೆ ಎಳೆಯಿರಿ. ರಸ್ತೆಗೆ ಹೋದ ಜಾಗ ಬರೀ 2 ಹೆಕ್ಟೇರ್. ಆದರೆ ರಸ್ತೆಯ ಎರಡೂ ಬದಿ ಹೊಸ ಅಂಚು ಹುಟ್ಟಿತಲ್ಲ? ಲೆಕ್ಕ ಹಾಕಿ ನೋಡಿ, ನಡುಗಾಡು 64ರಿಂದ ಸುಮಾರು 46 ಹೆಕ್ಟೇರಿಗೆ ಇಳಿಯುತ್ತದೆ. ರಸ್ತೆ ನುಂಗಿದ್ದು ಎರಡು, ಕಾಡು ಕಳೆದುಕೊಂಡದ್ದು ಹದಿನೇಳು ಚಿಲ್ಲರೆ.

ಇನ್ನೂ ಮುಂದೆ ಹೋಗಿ. ಅದೇ 100 ಹೆಕ್ಟೇರನ್ನು ಹತ್ತತ್ತು ಹೆಕ್ಟೇರಿನ ಹತ್ತು ಚೌಕ ಮಾಡಿ ದೂರ ದೂರ ಇಡಿ. ಹತ್ತೂ ಸೇರಿ ನಡುಗಾಡು 14 ಹೆಕ್ಟೇರೂ ಇರುವುದಿಲ್ಲ. ಒಂದೊಂದು ಹೆಕ್ಟೇರಿನ ನೂರು ಚೌಕ ಮಾಡಿದರೆ? ಸೊನ್ನೆ. ಕಾಗದದ ಮೇಲೆ ಈಗಲೂ 100 ಹೆಕ್ಟೇರ್ ಕಾಡಿದೆ. ಅದರಲ್ಲಿ ನಡುಗಾಡು ಒಂದಡಿಯೂ ಇಲ್ಲ.

ಈ 100 ಮೀಟರ್ ಅನ್ನುವುದು ಏನು ಅಂತ ಕಾಲಿನಲ್ಲೇ ತಿಳಿಯಬಹುದು. ಮುಂದಿನ ಸಲ ದಟ್ಟ ಕಾಡಿಗೆ ಹೋದಾಗ ಅಂಚಿನಿಂದ ಒಳಕ್ಕೆ ನಿಧಾನ ನಡೆಯಿರಿ. ಶುರುವಿನಲ್ಲಿ ಕಾಲಡಿ ತರಗೆಲೆ ಪರಪರ ಅನ್ನುತ್ತದೆ. ಮುಖಕ್ಕೆ ಗಾಳಿ ಬಡಿಯುತ್ತದೆ. ಬಳ್ಳಿ, ಮುಳ್ಳು, ಹುಲ್ಲು ಕಾಲಿಗೆ ಸಿಕ್ಕುತ್ತದೆ. ಕೆಲವು ಮರ ಬಿದ್ದಿರುತ್ತದೆ. ಹೋಗ್ತಾ ಹೋಗ್ತಾ ಸದ್ದು ಬದಲಾಗುತ್ತದೆ. ತರಗೆಲೆ ಮೆತ್ತಗಾಗುತ್ತದೆ, ಹೆಜ್ಜೆಯ ಸದ್ದು ಅಡಗುತ್ತದೆ. ಒಂದು ಎಲೆ ಎತ್ತಿ ನೋಡಿ, ತಳ ಒದ್ದೆ ಇರುತ್ತದೆ, ಬೂಷ್ಟಿನ ಬಿಳಿ ಎಳೆ ಅಂಟಿರುತ್ತದೆ. ಬೊಡ್ಡೆಯ ಮೇಲೆ ಪಾಚಿ ಕಾಣುತ್ತದೆ. ನೀವು ಕಾಡಂಚು ದಾಟಿ ನಡುಗಾಡಿಗೆ ಬಂದಿರಿ. ಒದ್ದೆ ಎಲೆಯ ಅಡಿಯಲ್ಲೇ ಬಾಳುವ ಹುಳುಗಳಿಗೆ, ಅವನ್ನು ತಿನ್ನುವ ಕಪ್ಪೆಗಳಿಗೆ ಈಗ ನಡೆದುಬಂದ ಆ ದಾರಿ ಮರುಭೂಮಿ ಇದ್ದ ಹಾಗೆ. 2015ರಲ್ಲಿ ಬಂದ ಒಂದು ಜಾಗತಿಕ ಅಧ್ಯಯನದ ಪ್ರಕಾರ ಭೂಮಿಯ ಮೇಲೆ ಉಳಿದಿರುವ ಕಾಡಿನಲ್ಲಿ 70 ಶೇಕಡಾ ಯಾವುದೋ ಒಂದು ಅಂಚಿನಿಂದ ಒಂದು ಕಿಲೋಮೀಟರ್ ಒಳಗೇ ಇದೆ.

ಇದನ್ನೆಲ್ಲ ಅಳೆದು ನೋಡಿದ ದೊಡ್ಡ ಪ್ರಯೋಗ ಬ್ರೆಜಿಲ್‌ನಲ್ಲಿ, ಮನಾಸ್ ನಗರದ ಉತ್ತರಕ್ಕೆ ನಡೆದಿದೆ. ಶುರುವಾದದ್ದು 1979ರಲ್ಲಿ. ಥಾಮಸ್ ಲವ್‌ಜಾಯ್ ಅನ್ನುವ ವಿಜ್ಞಾನಿಯ ಯೋಚನೆ ಅದು. ದನ ಮೇಯಿಸಲು ಅಮೆಜಾನ್ ಕಾಡು ಕಡಿಯುತ್ತಿದ್ದ ಕಾಲ. ಜಮೀನಿನಲ್ಲಿ ಅರ್ಧ ಕಾಡು ಉಳಿಸಬೇಕು ಅಂತ ಅಲ್ಲಿನ ಕಾನೂನು ಹೇಳುತ್ತಿತ್ತು. ಹೇಗೂ ಉಳಿಸುತ್ತೀರಿ, ನಾವು ಹೇಳಿದ ಅಳತೆಯಲ್ಲಿ ಉಳಿಸಿ ಎಂದು ಕೇಳಿಕೊಂಡರು. ಹಾಗೆ 1, 10, 100 ಹೆಕ್ಟೇರಿನ ಕಾಡಿನ ಚೌಕಗಳು ಹುಲ್ಲುಗಾವಲಿನ ನಡುವೆ ಉಳಿದವು. ಇದರ ಅಂದ ಎಲ್ಲಿದೆ ಅಂದರೆ, ಕಡಿಯುವ ಮೊದಲೇ ಅಲ್ಲಿ ಏನೇನಿದೆ ಅಂತ ಎಣಿಸಿಟ್ಟುಕೊಂಡಿದ್ದರು.

ಮೊದಲು ಏಟು ಬಿದ್ದದ್ದು ಮರಗಳಿಗೆ. ಅದೂ ಅತಿ ದೊಡ್ಡ ಮರಗಳಿಗೆ. ಅಂಚಿನ ಹತ್ತಿರ ದೊಡ್ಡ ಮರಗಳು ನಡುಗಾಡಿನ ಮರಗಳಿಗಿಂತ ಸುಮಾರು ಮೂರು ಪಟ್ಟು ವೇಗವಾಗಿ ಸತ್ತವು. ಎತ್ತರದ ಮರಕ್ಕೆ ಗಾಳಿ ಜಾಸ್ತಿ ಬಡಿಯುತ್ತದೆ, ಬಿಸಿಲಿಗೆ ನೀರು ಸಾಲುವುದಿಲ್ಲ, ಮೇಲೆ ಬಳ್ಳಿಗಳ ಭಾರ ಬೇರೆ. ದೊಡ್ಡ ಮರ ಬಿದ್ದರೆ ಒಂದೇ ಬೀಳುವುದಿಲ್ಲ, ಸುತ್ತಲಿನ ನಾಲ್ಕನ್ನು ಎಳೆದುಕೊಂಡು ಬೀಳುತ್ತದೆ.

ಹಕ್ಕಿಗಳ ಕತೆ ಇನ್ನೂ ಸೂಕ್ಷ್ಮ. ಆ ಕಾಡಿನಲ್ಲಿ ದಂಡಿರುವೆಗಳಿವೆ. ಲಕ್ಷಗಟ್ಟಲೆ ಇರುವೆ ಒಟ್ಟಿಗೆ ದಾಳಿ ಹೊರಡುತ್ತವೆ, ನೆಲದ ಮೇಲೆ ಕಪ್ಪು ನೀರು ಹರಿದ ಹಾಗೆ. ಜಿರಳೆ, ಮಿಡತೆ, ಜೇಡ ಎಲ್ಲ ಜೀವ ಉಳಿಸಿಕೊಳ್ಳಲು ಎಲೆಯಡಿಯಿಂದ ಎದ್ದು ಓಡುತ್ತವೆ. ಈ ಓಡುವ ಹುಳುಗಳನ್ನು ಹಿಡಿಯಲು ಕೆಲವು ಹಕ್ಕಿಗಳು ಇರುವೆಗಳ ಮುಂದೆ ಮುಂದೆ ಹೋಗುತ್ತಿರುತ್ತವೆ. ಇರುವೆಹಕ್ಕಿ ಅಂತಲೇ ಕರೆಯೋಣ. ಅವುಗಳ ಊಟ ಪೂರ್ತಿ ಈ ದಂಡನ್ನೇ ನಂಬಿಕೊಂಡಿದೆ.

ಇರುವೆಯ ಒಂದು ದಂಡಿಗೆ ಸುಮಾರು 30 ಹೆಕ್ಟೇರ್ ಕಾಡು ಬೇಕು. ಹಾಗಾದರೆ 100 ಹೆಕ್ಟೇರಿನಲ್ಲಿ ಮೂರು ದಂಡು ಹಿಡಿಸುತ್ತದೆ, ಹಕ್ಕಿಗೆ ಸಾಕಲ್ವಾ? ಸಾಲದು. ಯಾಕೆಂದರೆ ದಂಡು ದಿನಾ ಹೊರಡುವುದಿಲ್ಲ. ಎರಡು ವಾರ ದಿನಾ ದಾಳಿ, ಆಮೇಲೆ ಸುಮಾರು ಮೂರು ವಾರ ಒಂದೇ ಕಡೆ ಬೀಡು. ಬೀಡು ಬಿಟ್ಟಾಗ ರಾಣಿ ಮೊಟ್ಟೆ ಇಡುತ್ತದೆ, ದಾಳಿ ಕಡಿಮೆ. ಹಾಗಾಗಿ ಹಕ್ಕಿ ಹಲವು ದಂಡುಗಳ ಮೇಲೆ ಕಣ್ಣಿಟ್ಟಿರಬೇಕು. ಇದು ಮಲಗಿದರೆ ಅದು, ಅದು ಮಲಗಿದರೆ ಇನ್ನೊಂದು. ಸಣ್ಣ ತುಂಡುಗಳಲ್ಲಿ ಈ ಹಕ್ಕಿಗಳು ತಡಮಾಡದೆ ಕಾಣೆಯಾದವು. ಅಲ್ಲಿಂದ ಹಾರಿ ದೊಡ್ಡ ಕಾಡಿಗೆ ಹೋಗಬಹುದಿತ್ತಲ್ಲ, ನಡುವೆ ಇದ್ದದ್ದು ನೂರಾರು ಮೀಟರ್ ಹುಲ್ಲು ಅಷ್ಟೇ ಅಂತ ನೀವು ಕೇಳಬಹುದು. ಕತ್ತಲ ಕಾಡಿನ ನೆಲದ ಹತ್ತಿರ ಬಾಳುವ ಹಕ್ಕಿಗಳಲ್ಲಿ ಹಲವು 80 ಮೀಟರಿನ ಬಯಲನ್ನೂ ದಾಟಲು ಹಿಂದೇಟು ಹಾಕುತ್ತವೆ. ರೆಕ್ಕೆಗೆ ಶಕ್ತಿ ಇದೆ. ಬೆಳಕಿಗೆ ಬರುವ ಧೈರ್ಯ ಇಲ್ಲ.

ಹೀಗೆ ಒಂದು ಹೋದರೆ ಇನ್ನೊಂದು. ಅದೇ ಕಾಡಿನಲ್ಲಿ ಪೆಕ್ಕರಿ ಅನ್ನುವ ಕಾಡುಹಂದಿಯಂಥ ಪ್ರಾಣಿ ಇದೆ. ಅದು ಕೆಸರಿನಲ್ಲಿ ಹೊರಳಾಡಿ ಗುಂಡಿ ಮಾಡುತ್ತದೆ. ಗುಂಡಿಯಲ್ಲಿ ನೀರು ನಿಲ್ಲುತ್ತದೆ. ಆ ನೀರಿನಲ್ಲಿ ಕೆಲವು ಜಾತಿಯ ಕಪ್ಪೆಗಳು ಮೊಟ್ಟೆ ಇಡುತ್ತವೆ. ಸಣ್ಣ ತುಂಡಿನಲ್ಲಿ ಪೆಕ್ಕರಿ ಹಿಂಡು ನಿಲ್ಲಲಿಲ್ಲ. ಗುಂಡಿ ಒಣಗಿತು. ಕಪ್ಪೆಯ ದನಿ ನಿಂತಿತು. ಕಪ್ಪೆಗೆ ಜಾಗ ಸಾಲದೆ ಹೋದದ್ದಲ್ಲ ಇದು. ಹಂದಿಗೆ ಜಾಗ ಸಾಲಲಿಲ್ಲ.

ವೆನೆಜುವೆಲಾದ ಗುರಿ ಜಲಾಶಯದಲ್ಲಿ ಇದರ ಇನ್ನೊಂದು ಮುಖ ಕಂಡಿತು. 1986ರ ಹೊತ್ತಿಗೆ ನೀರು ಪೂರ್ತಿ ತುಂಬಿ ಗುಡ್ಡಗಳ ನೆತ್ತಿಗಳೆಲ್ಲ ದ್ವೀಪಗಳಾದವು. ಸಣ್ಣ ದ್ವೀಪಗಳಲ್ಲಿ ಬೇಟೆಯಾಡುವ ಪ್ರಾಣಿಗಳು ಉಳಿಯಲಿಲ್ಲ. ವಿಜ್ಞಾನಿ ಜಾನ್ ಟೆರ್ಬರ್ಗ್ ಮತ್ತು ಜೊತೆಯವರು ಅಲ್ಲಿ ನೋಡಿದ್ದೇನು? ಎಲೆ ಕತ್ತರಿಸುವ ಇರುವೆ, ಇಗ್ವಾನಾ ಅನ್ನುವ ದೊಡ್ಡ ಹಲ್ಲಿ, ಹೌಲರ್ ಮಂಗ ಇವು ಸಾಮಾನ್ಯ ಕಾಡಿಗಿಂತ ಹತ್ತರಿಂದ ನೂರು ಪಟ್ಟು ದಟ್ಟವಾಗಿದ್ದವು. ತಿನ್ನುವ ಬಾಯಿಗಳು ಜಾಸ್ತಿಯಾಗಿ ಸಸಿಗಳೇ ಮೇಲೇಳದ ಹಾಗಾಯಿತು. ಮೇಲೆ ದೊಡ್ಡ ಮರಗಳು ಹಸಿರಾಗೇ ಇದ್ದವು. ದೂರದಿಂದ ನೋಡಿದರೆ ಚೆಂದದ ಕಾಡು. ಆ ಮರಗಳಿಗೆ ಮಕ್ಕಳಿರಲಿಲ್ಲ.

ಇದಕ್ಕೆ ಅಳಿವಿನ ಸಾಲ ಅನ್ನುತ್ತಾರೆ. ಕಾಡು ತುಂಡಾದ ದಿನವೇ ಎಲ್ಲ ಸಾಯುವುದಿಲ್ಲ. ಮರ ನೂರಾರು ವರ್ಷ ನಿಂತಿರುತ್ತದೆ, ಮುದಿ ಪ್ರಾಣಿಗಳು ಓಡಾಡಿಕೊಂಡಿರುತ್ತವೆ. ಎಲ್ಲ ಸರಿಯಿದೆ ಅನಿಸುತ್ತದೆ. ಸಾಲ ತೀರಿಸುವುದು ಆಮೇಲೆ. ನನಗೆ ಈ ವಿಷಯದಲ್ಲಿ ಅತಿ ಹೆಚ್ಚು ಭಯ ಹುಟ್ಟಿಸುವುದು ಇದೇ. ಆದರೆ ಭರವಸೆಯೂ ಇಲ್ಲೇ ಇದೆ. ಸಾಲ ತೀರಿಸುವ ಮುಂಚೆ ನಮಗೆ ಸಮಯ ಸಿಗುತ್ತದೆ.

ಒಂಟಿಯಾದ ಗುಂಪುಗಳಲ್ಲಿ ರಕ್ತಸಂಬಂಧದೊಳಗೇ ಮರಿ ಹುಟ್ಟುವುದು ಗೊತ್ತಿರುವ ವಿಷಯ. ಅಮೆರಿಕದ ಫ್ಲಾರಿಡಾ ಪ್ಯಾಂಥರ್, ಅಂದರೆ ಪ್ಯೂಮಾ ಜಾತಿಯ ದೊಡ್ಡ ಬೆಕ್ಕು, 1990ರ ದಶಕದ ಶುರುವಿನಲ್ಲಿ 20-30ಕ್ಕೆ ಇಳಿದಿತ್ತು. ಬಾಲದ ತುದಿ ಸೊಟ್ಟ, ಹೃದಯದಲ್ಲಿ ತೂತು, ಗಂಡುಗಳಲ್ಲಿ ವೃಷಣ ಇಳಿಯದ ತೊಂದರೆ. 1995ರಲ್ಲಿ ಟೆಕ್ಸಾಸ್‌ನಿಂದ ಎಂಟು ಹೆಣ್ಣುಗಳನ್ನು ತಂದು ಬಿಟ್ಟರು. ಐದು ಮರಿ ಹಾಕಿದವು. ಸಂಖ್ಯೆ ನೂರು ದಾಟಿತು, ಸೊಟ್ಟ ಬಾಲ ಕಡಿಮೆಯಾಯಿತು. ನಡುವಿನ ಕಾಡು ಉಳಿದಿದ್ದರೆ ಯಾವುದೋ ಒಂದು ಪ್ರಾಣಿ ತಾನೇ ನಡೆದುಬಂದು ಮಾಡುತ್ತಿದ್ದ ಕೆಲಸ ಅದು.

ಈಗ ಕಾಡು ತುಂಡಾಗುವುದು, ಬೆಂಕಿ ಬಿರುಗಾಳಿಯಂಥ ಏಟು ಬೀಳುವುದು ಎರಡನ್ನೂ ಕೂಡಿಸಿ. ಪೋರ್ಟೊ ರಿಕೊ ದ್ವೀಪದ ಹಸಿರು ಗಿಳಿ ಒಂದು ಕಾಲಕ್ಕೆ ಇಡೀ ದ್ವೀಪದಲ್ಲಿತ್ತು. ಚಂಡಮಾರುತಗಳೂ ಆಗಿನಿಂದಲೇ ಇದ್ದವು. ಕಾಡು ಹೋಗಿ ಹೋಗಿ ಗಿಳಿ ಉಳಿದದ್ದು ಒಂದೇ ಬೆಟ್ಟದ ಕಾಡಿನಲ್ಲಿ. 1975ರಲ್ಲಿ ಕಾಡಿನಲ್ಲಿದ್ದದ್ದು 13. ಕಷ್ಟಪಟ್ಟು 47ಕ್ಕೆ ತಂದಿದ್ದರು. 1989ರ ಸೆಪ್ಟೆಂಬರಿನಲ್ಲಿ ಹ್ಯೂಗೊ ಚಂಡಮಾರುತ ಬಂತು, ಒಂದೇ ಏಟಿಗೆ ಅರ್ಧ ಹೋಯಿತು. ಆಗ ಪಾಠ ಕಲಿತರು. ಪಂಜರದಲ್ಲಿ ಬೆಳೆಸಿದ ಗಿಳಿಗಳನ್ನು 2006ರಿಂದ ರಿಯೊ ಅಬಾಹೊ ಅನ್ನುವ ಬೇರೆ ಕಾಡಿಗೂ ಬಿಟ್ಟರು. 2017ರಲ್ಲಿ ಮರಿಯಾ ಚಂಡಮಾರುತ ಬಂದಾಗ ಹಳೆಯ ಬೆಟ್ಟದ ಗಿಳಿಗಳು ಹೆಚ್ಚುಕಡಿಮೆ ಎಲ್ಲವೂ ಹೋದವು. ಎರಡನೇ ಕಾಡಿನ ಗುಂಪು ಉಳಿಯಿತು. ಆ ಎರಡನೇ ನೆಲೆ ಇಲ್ಲದಿದ್ದರೆ ಕಾಡಿನಲ್ಲಿ ಆ ಗಿಳಿಯ ಕತೆ ಅಲ್ಲಿಗೇ ಮುಗಿಯುತ್ತಿತ್ತು.

ಬೆಂಕಿಯೂ ತುಂಡಾದ ಕಾಡಿನಲ್ಲಿ ಬೇರೆಯದೇ ಬೆಂಕಿ. ಅಮೆಜಾನ್‌ನಂಥ ಮಳೆಕಾಡಿಗೆ ಬೆಂಕಿಯ ರೂಢಿ ಇಲ್ಲ, ಒಳಗೆಲ್ಲ ಒದ್ದೆ. ಆದರೆ ಅಂಚು ಒಣಗಿರುತ್ತದೆ, ಪಕ್ಕದಲ್ಲಿ ಹುಲ್ಲಿಗೆ ಬೆಂಕಿ ಇಡುತ್ತಾರೆ. ಅದು ಅಂಚಿನಿಂದ ಒಳಗೆ ತೆವಳುತ್ತದೆ. ತೆಳು ತೊಗಟೆಯ ಮರಗಳು ಮೊಣಕಾಲೆತ್ತರದ ಬೆಂಕಿಗೇ ಸಾಯುತ್ತವೆ. ಬಿಸಿಲು ಒಳಗೆ ಬೀಳುತ್ತದೆ, ಇನ್ನಷ್ಟು ಒಣಗುತ್ತದೆ, ಮುಂದಿನ ಬೆಂಕಿ ಇನ್ನೂ ಒಳಗೆ ಹೋಗುತ್ತದೆ. ಯೆಲ್ಲೋಸ್ಟೋನ್ ಬೆಂಕಿಯನ್ನು ಹೊಗಳಿದವರು ಇಲ್ಲಿಯೂ ಹೊಗಳಿ ಅಂತ ಯಾರಾದರೂ ಹೇಳಿದರೆ ಒಪ್ಪಬೇಡಿ. ಯಾವ ಕಾಡು, ಯಾವ ಬೆಂಕಿ, ಎಷ್ಟು ವರ್ಷಕ್ಕೊಮ್ಮೆ, ಇದನ್ನು ಕೇಳದೆ ಬೆಂಕಿ ಒಳ್ಳೆಯದು, ಕೆಟ್ಟದ್ದು ಅನ್ನಲು ಬರುವುದಿಲ್ಲ.

ಇಲ್ಲಿ ಒಂದು ತಕರಾರನ್ನೂ ಹೇಳಬೇಕು. ಕೆನಡಾದ ವಿಜ್ಞಾನಿ ಲೆನೋರ್ ಫಾರಿಗ್ ಕೇಳುವುದು ಹೀಗೆ: ಹಾನಿ ಆಗುತ್ತಿರುವುದು ಕಾಡು ಕಡಿಮೆಯಾಗಿದ್ದರಿಂದಲೋ, ತುಂಡಾಗಿದ್ದರಿಂದಲೋ? ಎರಡನ್ನೂ ಬೇರೆ ಬೇರೆ ಮಾಡಿ ನೋಡಿ. ಒಟ್ಟು ಕಾಡು ಅಷ್ಟೇ ಇದ್ದರೆ, ತುಂಡಾಗಿರುವುದರಿಂದ ಆಗುವ ಪರಿಣಾಮ ಹಲವು ಸಲ ಸಣ್ಣದು, ಕೆಲವು ಸಲ ಒಳ್ಳೆಯದೂ ಹೌದು ಅನ್ನುತ್ತಾರೆ. ಇದರ ಮೇಲೆ ದೊಡ್ಡ ಜಗಳವೇ ನಡೆದಿದೆ. ನನಗೆ ಅವರ ಮಾತಿನಲ್ಲಿ ಒಂದು ಅಂಶ ಬಹಳ ಸರಿ ಅನಿಸುತ್ತದೆ. ಸಣ್ಣ ತುಂಡು ಅಂತ ಯಾವುದನ್ನೂ ಬಿಸಾಡಬಾರದು. ಸಣ್ಣದಲ್ವಾ, ಹೋದರೆ ಹೋಗಲಿ ಅಂತ ಹೇಳಿಯೇ ಎಷ್ಟೋ ಕಾಡು ಹೋಗಿದೆ. ಆದರೆ ಇರುವೆಹಕ್ಕಿಗೆ, ಪೆಕ್ಕರಿಗೆ, ಪ್ಯಾಂಥರ್‌ಗೆ ದೊಡ್ಡ ಕಾಡಿಗೆ ಬದಲಿ ಇಲ್ಲ.

ಸಣ್ಣ ತುಂಡುಗಳ ಬೆಲೆ ಫಿನ್‌ಲ್ಯಾಂಡಿನ ಒಲಾಂಡ್ ದ್ವೀಪಗಳಲ್ಲಿ ಚೆನ್ನಾಗಿ ಕಾಣುತ್ತದೆ. ಇಲ್ಕಾ ಹನ್ಸ್ಕಿ ಅನ್ನುವ ವಿಜ್ಞಾನಿ ಅಲ್ಲಿ ಒಂದು ಚಿಟ್ಟೆಯ ಬೆನ್ನು ಹತ್ತಿದರು, ಗ್ಲಾನ್‌ವಿಲ್ ಫ್ರಿಟಿಲರಿ. ಸುಮಾರು 4,000 ಪುಟ್ಟ ಹುಲ್ಲುಗಾವಲುಗಳು. ಯಾವುದೇ ವರ್ಷ ನೋಡಿ, ಕೆಲವು ನೂರರಲ್ಲಿ ಮಾತ್ರ ಚಿಟ್ಟೆ ಇರುತ್ತದೆ. ಬರ ಬಂದು ಒಂದರಲ್ಲಿ ಅಳಿಯುತ್ತದೆ. ಪಕ್ಕದ್ದರಿಂದ ಒಂದು ಹೆಣ್ಣು ಹಾರಿ ಬಂದು ಖಾಲಿ ಜಾಗದಲ್ಲಿ ಮತ್ತೆ ಶುರು ಮಾಡುತ್ತದೆ. ಒಂದೊಂದು ದೀಪ ಆರುತ್ತದೆ, ಹತ್ತುತ್ತದೆ, ಸಾಲು ಮಾತ್ರ ಉರಿಯುತ್ತಿರುತ್ತದೆ. ಅದಕ್ಕೇ ಚಿಟ್ಟೆ ಇಲ್ಲದ ಹುಲ್ಲುಗಾವಲನ್ನು ಸುಮ್ನೆ ಬಿದ್ದ ಜಾಗ ಅಂತ ಉಳುಮೆ ಮಾಡಿದರೆ ಚಿಟ್ಟೆಯ ನಾಳೆಯ ಮನೆಯನ್ನು ಕೆಡವಿದ ಹಾಗೆ. ಹವಾಮಾನ ಬಿಸಿಯಾಗುತ್ತಾ ಬಂದ ಹಾಗೆ ಎಷ್ಟೋ ಜೀವಿಗಳು ತಂಪು ಹುಡುಕಿ ಜಾಗ ಬದಲಿಸಬೇಕಾಗಿದೆ. ಅವಕ್ಕೂ ನಡುವೆ ಇಂಥ ತಂಗುದಾಣಗಳು ಬೇಕು.

ಜೋಡಿಸುವ ಕೆಲಸ ಆಗುತ್ತದೆಯಾ ಅಂದರೆ, ಆಗುತ್ತದೆ. ಆಸ್ಟ್ರೇಲಿಯಾದ ಬೆಟ್ಟಗಳಲ್ಲಿ ಅಂಗೈಯಲ್ಲಿ ಹಿಡಿಸುವ ಪಿಗ್ಮಿ ಪೋಸಮ್ ಅನ್ನುವ ಇಲಿಯಂಥ ಪ್ರಾಣಿ ಇದೆ. ಹೆಣ್ಣುಗಳು ಎತ್ತರದ ಬಂಡೆಗಳ ನಡುವೆ, ಗಂಡುಗಳು ಕೆಳಗಿನ ಇಳಿಜಾರಿನಲ್ಲಿ. ಕೂಡುವ ಕಾಲಕ್ಕೆ ಗಂಡುಗಳು ಮೇಲೆ ಬರುತ್ತವೆ, ಆಮೇಲೆ ಇಳಿದು ಹೋಗುತ್ತವೆ. ಸ್ಕೀ ಆಟದ ಜಾಗಕ್ಕೆ ಹಾಕಿದ ರಸ್ತೆ ಈ ದಾರಿಯನ್ನು ಕಡಿದಿತ್ತು. ಗಂಡುಗಳು ಇಳಿಯಲಾಗದೆ ಮೇಲೇ ಉಳಿದು, ಜಾಗ ಇಕ್ಕಟ್ಟಾಗಿ, ಚಳಿಗಾಲದಲ್ಲಿ ಹೆಣ್ಣುಗಳು ಜಾಸ್ತಿ ಸಾಯುತ್ತಿದ್ದವು. 1980ರ ದಶಕದಲ್ಲಿ ರಸ್ತೆಯ ಅಡಿಯಲ್ಲಿ ಕಲ್ಲು ತುಂಬಿದ ಸಣ್ಣ ಸುರಂಗ ಮಾಡಿದರು. ಬಂಡೆಗಳ ಸಂದಿನಲ್ಲಿ ನುಸುಳುವ ಪ್ರಾಣಿಗೆ ಬಂಡೆಗಳ ಸಂದೇ ಬೇಕು, ಖಾಲಿ ಪೈಪು ಸಾಲದು. ಗಂಡುಗಳು ಅದರಲ್ಲಿ ಓಡಾಡಿದವು, ಹೆಣ್ಣುಗಳು ಉಳಿದುಕೊಂಡವು. ಕೆನಡಾದ ಬ್ಯಾಂಫ್ ರಾಷ್ಟ್ರೀಯ ಉದ್ಯಾನದಲ್ಲಿ ಹೆದ್ದಾರಿಗೆ ಬೇಲಿ ಹಾಕಿ 6 ಮೇಲ್ಸೇತುವೆ, 38 ಕೆಳದಾರಿ ಮಾಡಿದ್ದಾರೆ. ಪ್ರಾಣಿಗಳಿಗೆ ವಾಹನ ಬಡಿಯುವುದು 80 ಶೇಕಡಾಕ್ಕಿಂತ ಜಾಸ್ತಿ ಕಡಿಮೆಯಾಯಿತು. ಕರಡಿಗಳು ಸೇತುವೆಯನ್ನು ನಂಬಲು ಕೆಲವು ವರ್ಷ ತೆಗೆದುಕೊಂಡವು. ಮೊದಲ ವರ್ಷವೇ ಯಾವುದೂ ದಾಟಲಿಲ್ಲ ಅಂತ ಕೈಬಿಟ್ಟಿದ್ದರೆ ಇದು ಗೊತ್ತೇ ಆಗುತ್ತಿರಲಿಲ್ಲ.

ಸಭೆಯಿಂದ ಒಬ್ಬರು ಒಳ್ಳೆ ಪ್ರಶ್ನೆ ಬರೆದು ಕಳಿಸಿದ್ದಾರೆ. ಎಲ್ಲವನ್ನೂ ಜೋಡಿಸಿದರೆ ರೋಗವೂ ಹರಡುವುದಿಲ್ಲವಾ ಅಂತ. ಹರಡಬಹುದು. ಬ್ರೆಜಿಲ್‌ನ ಚಿನ್ನದ ಬಣ್ಣದ ಪುಟ್ಟ ಮಂಗ, ಗೋಲ್ಡನ್ ಲಯನ್ ಟ್ಯಾಮರಿನ್, ಚೂರು ಚೂರಾದ ಕಾಡಿನಲ್ಲೇ ಬದುಕಿದೆ. 2016ರ ಆಚೆ ಹಳದಿ ಜ್ವರ ಬಂದು ಮೂರನೇ ಒಂದು ಭಾಗದಷ್ಟು ಸತ್ತವು. ಜ್ವರ ತರುವುದು ಸೊಳ್ಳೆ, ಅದು ಮಂಗದಷ್ಟು ಕಾಡಂಚಿಗೆ ಹೆದರುವುದಿಲ್ಲ. ಕಾಡು ತುಂಡಾಗಿದ್ದರೂ ಜ್ವರ ಬಂತು. ಜ್ವರ ಹೋದ ಮೇಲೆ ಖಾಲಿಯಾದ ತುಂಡಿಗೆ ಮಂಗ ಬರಬೇಕಲ್ಲ, ಅದಕ್ಕೆ ದಾರಿ ಬೇಕು. ಅಲ್ಲಿನ ಜನ 2020ರಲ್ಲಿ ಹೆದ್ದಾರಿಯ ಮೇಲೆ ಒಂದು ಸೇತುವೆ ಕಟ್ಟಿ ಅದರ ಮೇಲೆ ಮರ ನೆಟ್ಟರು. ಮಂಗಗಳಿಗೆ ಲಸಿಕೆಯನ್ನೂ ಹಾಕಿದರು. ಸಂಖ್ಯೆ ಮತ್ತೆ ಏರಿದೆ.

ಕೊನೆಗೆ ಮನಾಸ್‌ನ ಆ ಚೌಕಗಳಿಗೆ ವಾಪಸು ಹೋಗೋಣ. ಅಲ್ಲಿನ ದನದ ವ್ಯವಹಾರ ನಡೆಯಲಿಲ್ಲ. ಹುಲ್ಲುಗಾವಲುಗಳನ್ನು ಒಂದೊಂದಾಗಿ ಬಿಟ್ಟುಹೋದರು. ಮತ್ತೆ ಮತ್ತೆ ಬೆಂಕಿ ಇಟ್ಟು ಮೇಯಿಸಿದ್ದ ಜಾಗದಲ್ಲಿ ವಿಸ್ಮಿಯಾ ಅನ್ನುವ ಮರ ಒಂದೇ ಸಮ ಬೆಳೆಯಿತು. ಬೆಂಕಿ ಇಡದೆ ಬಿಟ್ಟ ಜಾಗದಲ್ಲಿ ಸೆಕ್ರೋಪಿಯಾ ಬಂತು. ಅದು ಬೇಗ ಎತ್ತರಕ್ಕೆ ಹೋಗುವ ಮರ, ಅಗಲ ಎಲೆ, ಕೆಳಗೆ ನೆರಳು. ಕೆಲವು ವರ್ಷದ ಮೇಲೆ, ಸೆಕ್ರೋಪಿಯಾ ಸುತ್ತುವರಿದ ಚೌಕಗಳಲ್ಲಿ ಹಕ್ಕಿ ಎಣಿಸುವವರ ಬಲೆಗೆ ಹಳೆಯ ಪರಿಚಯದ ಇರುವೆಹಕ್ಕಿಗಳು ಬಿದ್ದವು. ವಿಸ್ಮಿಯಾ ಇದ್ದ ಕಡೆ ಬರಲಿಲ್ಲ. ಆ ಚೌಕ ಒಂದಿಂಚೂ ದೊಡ್ಡದಾಗಿರಲಿಲ್ಲ. ಸುತ್ತಲಿನ ಬಯಲಿಗೆ ನೆರಳು ಬಂದಿತ್ತು, ನೆರಳಿನಲ್ಲಿ ಹಕ್ಕಿ ದಾಟಿತ್ತು.